ಸಿತಾರ ರತ್ನ ರಹಿಮತ್‌ಖಾನರು

ನಾದೋಪಾಸನೆಯು ನಮ್ಮ ನಾಡಿಗೆ ಹೊಸದಲ್ಲ. ಮಹಾತ್ಮಾ ಬಸವಣ್ಣನವರು ತಮ್ಮ ದೇಹವನ್ನೇ ವೀಣೆಯನ್ನಾಗಿ ಮಾಡಿ ನುಡಿಸಬೇಕೆಂದು ಕೂಡಲಸಂಗಮದೇವನಲ್ಲಿ ಪ್ರಾರ್ಥಿಸಿದರು. ಮರದ ದಂಡಿ, ಸೋರೆಯ ಬುರುಡೆ, ಲೋಹದ ತಂತಿ ಇವೆಲ್ಲವೂ ಜಡವಸ್ತುಗಳು. ಅವುಗಳಿಗೆ ಜೀವ ಬರುವುದು ಸಾಧಕನ ಕೈಸೋಂಕಿನಿಂದ. ಅಂಥ ಸಾಧಕರಲ್ಲಿ ಒಬ್ಬರು ಧಾರವಾಡದ ಉಸ್ತಾದ ರಹಿಮತ್‌ಖಾನರು. ಹಾಡುಗಾರರ ಬೀಡೆನಿಸಿದ ಉತ್ತರ ಕರ್ನಾಟಕದಲ್ಲಿ ತಂತಿವಾದ್ಯಕ್ಕೆ ಸ್ವತಂತ್ರವಾದ ಪೀಠವನ್ನು ದೊರಕಿಸಿಕೊಟ್ಟ ಹಿರಿಮೆ ಅವರದು.

ಇದೇ ಹೆಸರಿನ ಮತ್ತೊಬ್ಬ ಕಲಾವಿದರು ನಮ್ಮ ಸೀಮೆಗೆ ಸಮೀಪದ ಕುರುಂದವಾಡದಲ್ಲಿದ್ದರು. ಅವರು ಗ್ವಾಲಿಯರ ಘರಾಣೆಯ ಗಾಯಕರು, ಹದ್ದೂಖಾನರ ಪುತ್ರರು, 1922ರಲ್ಲಿ ಕುರುಂದವಾಡದಲ್ಲಿಯೇ ದಿವಂಗತರಾದರು. ಸಿತಾರವಾದಕ ರಹಿಮತ್‌ಖಾನರು ಬೇರೆ. ಇವರನ್ನೂ ಅವರನ್ನೂ ಒಬ್ಬರೆಂದು ಭ್ರಮಿಸಬಾರದು.

ಸಂಗೀತವೇ ಕುಲವೃತ್ತಿಯಾಗಿದ್ದ ಮನೆತನದಲ್ಲಿ ಜನಿಸಿದ ಖಾನರು ಪ್ರಸಿದ್ಧ ಬೀನಕಾರರಾದ ಉಸ್ತಾದ ಬಂದೇ ಅಲಿಖಾನರ ಶಿಷ್ಯರಾದರು. ಬೀನವೆಂದರೆ ರುದ್ರವೀಣೆ. ಗಂಭೀರವಾದ ಆಲಾಪಕ್ಕೆ ಅದನ್ನು ಮಿಗಿಲಾದ ವಾದ್ಯವಿಲ್ಲವೆಂಬುದು ಬಲ್ಲವರ ಮತ. ಆ ಕಾಲದ ಅನೇಕ ಬೀನಕಾರರು ಬೀನವನ್ನು ತಮ್ಮ ವಂಶಕ್ಕೇ ಮೀಸಲಿಟ್ಟು, ಹೊರಗಿನ ಶಿಷ್ಯರಿಗೆ ಸಿತಾರವನ್ನು ಕಲಿಸುತ್ತಿದ್ದರು. ಹೀಗಾಗಿ ಸಿತಾರವು ಚುರುಕಾದ ಗತ್ತುಗಳನ್ನು ನುಡಿಸುವ ವಾದ್ಯವೆನಿಸಿ, ಬೀನದ ಕೆಳಗಿನ ಮೆಟ್ಟಿಲಲ್ಲಿ ನಿಂತಿತ್ತು. ಬೀನದ ಗಾಂಭೀರ್ಯವನ್ನು ಸಿತಾರಕ್ಕೆ ಇಳಿಸುವುದೇ ಖಾನರ ಮುಂದಿದ್ದ ಕಾರ್ಯ.

ಅದು ಹೇಗೆ ಸಾಧ್ಯವಾಯಿತೆಂಬುದನ್ನು ಅರಿಯಲು ವಾದ್ಯದ ರಚನೆಯನ್ನು ತಿಳಿಯಬೇಕು. ಸಿತಾರದ ಮೊದಲ ತಂತಿಗೆ ಬಾಜ ಎಂದು ಹೆಸರು. ರಾಗವು ಮುಖ್ಯವಾಗಿ ಇದರ ಮೇಲೆ ನುಡಿಯುತ್ತದೆ. ಇದನ್ನು ಮಧ್ಯಮಕ್ಕೆ ಶ್ರುತಿಗೊಳಿಸುತ್ತಾರೆ. ಎರಡನೆಯದು ಮಂದ್ರ ಷಡ್ಜದ ಜೋಡ ತಂತಿ. ಅಂಚಿನಲ್ಲಿರುವ ತೆಳುವಾದ ಚಿಕಾರಿ ತಂತಿಗಳು ಶ್ರುತಿಯನ್ನೂ ಲಯವನ್ನೂ ಕಾಯುತ್ತವೆ. ಮುಖ್ಯ ತಂತಿಗಳ ಕೆಳಗೆ ತರಫ್ ಎಂಬ ಸಣ್ಣ ತಂತಿಗಳ ಸಾಲಿದೆ. ಮೇಲೆ ಸ್ವರ ನುಡಿದಾಗ ಇವು ತಾವಾಗಿಯೇ ಅನುರಣಿಸುತ್ತವೆ. ಬಾಗಿದ ಲೋಹದ ಮೆಟ್ಟಿಲುಗಳ ಮೇಲೆ ತಂತಿಯನ್ನು ಪಕ್ಕಕ್ಕೆ ಎಳೆದರೆ ಒಂದು ಸ್ವರದಿಂದ ಇನ್ನೊಂದಕ್ಕೆ ಜಾರುವ ಮೀಂಡ ಹೊರಡುತ್ತದೆ. ಕಂಠದ ಸ್ವರಸಂಚಾರವನ್ನು ಸಿತಾರವು ಅನುಕರಿಸುವುದು ಈ ಮೀಂಡದಿಂದಲೇ.

ಆದರೆ ಮಂದ್ರದ ಕೆಳಗಿನ ಆಳವಾದ ಸ್ಥಾಯಿಗೆ ದಪ್ಪ ತಂತಿ ಬೇಕು. ಈ ಕೊರತೆಯನ್ನು ಮನಗಂಡು, ಖರ್ಜ ಷಡ್ಜದ ತಂತಿಯನ್ನು ಅಳವಡಿಸಿ, ಏಳು ತಂತಿಗಳ ವ್ಯವಸ್ಥೆಯನ್ನು ರೂಢಿಗೆ ತಂದ ಕೀರ್ತಿಯನ್ನು ಧಾರವಾಡದ ಪರಂಪರೆಯು ರಹಿಮತ್‌ಖಾನರಿಗೆ ಸಲ್ಲಿಸುತ್ತದೆ. ಒಂದು ತಂತಿಯ ಸೇರ್ಪಡೆ ನೋಟಕ್ಕೆ ಅಲ್ಪವಾದರೂ, ಆಲಾಪವು ಆಳಕ್ಕಿಳಿದು, ಅಲ್ಲಿಂದ ನಿಧಾನವಾಗಿ ಮೇಲೇರಲು ಅದರಿಂದ ದಾರಿಯಾಯಿತು.

ಪಾಶ್ಚಾತ್ಯ ದೇಶಗಳಲ್ಲಿಯೂ ಇಂಥ ಸಾಧನೆಯೊಂದು ನಡೆದಿದೆ. ಆರು ತಂತಿಗಳ ಗಿಟಾರು ಜನಸಾಮಾನ್ಯರ ಹಾಡು ಕುಣಿತಗಳ ಜೊತೆಗಾರನೆಂದು ಎಣಿಸಲ್ಪಟ್ಟಿದ್ದಾಗ, ಸ್ಪೇನಿನ ಆಂದ್ರೆಸ್ ಸೆಗೋವಿಯಾ (1893–1987) ಎಂಬ ಕಲಾವಿದರು ಅದನ್ನು ಜಗತ್ತಿನ ದೊಡ್ಡ ಸಭಾಗೃಹಗಳಿಗೆ ಒಯ್ದು ಶಾಸ್ತ್ರೀಯ ವಾದ್ಯಗಳ ಸಾಲಿನಲ್ಲಿ ಕೂಡ್ರಿಸಿದರು. ದೇಶ ಬೇರೆ, ವಾದ್ಯ ಬೇರೆ. ಸಾಧಕರ ಛಲ ಮಾತ್ರ ಒಂದೇ.

1912ರಲ್ಲಿ ಖಾನರು ಧಾರವಾಡದಲ್ಲಿ ನೆಲೆನಿಂತರು. ಆಗ ಅದು ಮುಂಬಯಿ ಪ್ರಾಂತದ ಊರು. ನಾಟಕ ಮಂಡಳಿಗಳ ಸಂಚಾರದಿಂದಲೂ ಉತ್ತರದ ಗಾಯಕರ ಆಗಮನದಿಂದಲೂ ಹಿಂದೂಸ್ತಾನಿ ಸಂಗೀತದ ರುಚಿ ಅಲ್ಲಿಯ ಜನಕ್ಕೆ ಹತ್ತಿತ್ತು. ಮೈಸೂರಿನ ನಾಲ್ವಡಿ ಕೃಷ್ಣರಾಜ ಒಡೆಯರು ಖಾನರಿಗೆ ‘ಸಿತಾರ ರತ್ನ’ ಎಂಬ ಬಿರುದನ್ನಿತ್ತು ಗೌರವಿಸಿದರು. ರಾಜಮನ್ನಣೆ ಪಡೆದ ಬಳಿಕವೂ ಅವರು ಆಸ್ಥಾನವನ್ನು ಆಶ್ರಯಿಸದೆ ಧಾರವಾಡದಲ್ಲಿಯೇ ಉಳಿದು, ಭಾರತೀಯ ಸಂಗೀತ ವಿದ್ಯಾಲಯವನ್ನು ಸ್ಥಾಪಿಸಿ ವಿದ್ಯಾದಾನ ಮಾಡಿದುದು ವಿಶೇಷ. ಮನೆತನದ ಗುಟ್ಟಾಗಿದ್ದ ವಿದ್ಯೆ ಹೀಗೆ ಊರಿನ ಸೊತ್ತಾಯಿತು. 1954ರಲ್ಲಿ ಅವರು ಕಾಲವಶರಾದರು.

ವಿದ್ಯೆ ಅವರೊಡನೆ ಅಳಿಯಲಿಲ್ಲ. ಪುತ್ರರಾದ ಅಬ್ದುಲ್ ಕರೀಮ್‌ಖಾನರು ಅದನ್ನು ಮುಂದಿನ ತಲೆಮಾರಿಗೆ ದಾಟಿಸಿದರು. ಮೊಮ್ಮಗ ಉಸ್ತಾದ ಬಾಲೇಖಾನರು (1942–2007) ಧಾರವಾಡ ಆಕಾಶವಾಣಿಯ ಕಲಾವಿದರಾಗಿ ಮನೆಮನೆಗೂ ಸಿತಾರವನ್ನು ಕೇಳಿಸಿದರು. ಇನ್ನೊಬ್ಬ ಮೊಮ್ಮಗ ಛೋಟೆ ರಹಿಮತ್‌ಖಾನರು ಅಜ್ಜನ ಹೆಸರನ್ನೂ ವಿದ್ಯೆಯನ್ನೂ ಗೋವೆಗೆ ಒಯ್ದರು.

ಕಣಗಲಾ ಪರಿಸರದ ವಿದ್ಯಾರ್ಥಿಗಳಿಗೆ ಈ ವೃತ್ತಾಂತವು ದೂರದ್ದಲ್ಲ. ಊರಿನ ಮಗ್ಗುಲಲ್ಲಿ ಹಾಯ್ದ ಹೆದ್ದಾರಿ ದಕ್ಷಿಣಕ್ಕೆ ಧಾರವಾಡವನ್ನು ಮುಟ್ಟುತ್ತದೆ. ಉತ್ತರದ ಕಡೆಗೆ ಕೃಷ್ಣೆಯನ್ನು ದಾಟಿದರೆ ಸಿತಾರ ಮತ್ತು ತಂಬೂರಿಗಳ ತವರಾದ ಮಿರಜ ಸಿಗುತ್ತದೆ. ಆಯುಧಗಳಿಗೆ ಸಾಣೆ ಹಿಡಿಯುತ್ತಿದ್ದ ಶಿಕಲಗಾರ ಮನೆತನದವರು, ಕತ್ತಿಗಳಿಗೆ ಬೇಡಿಕೆ ಕುಂದಿದಾಗ, 19ನೆಯ ಶತಮಾನದ ಮಧ್ಯದಲ್ಲಿ ಅಲ್ಲಿ ವಾದ್ಯ ನಿರ್ಮಾಣಕ್ಕೆ ಕೈಹಚ್ಚಿದರು. ಪಂಢರಪುರದ ಕಡೆಯ ಭೀಮಾತೀರದ ಸೋರೆಬುರುಡೆಗಳು ಅವರ ಕೈಯಲ್ಲಿ ವಾದ್ಯಗಳಾದವು. ಅವರ ಕುಶಲತೆಗೆ 2024ರಲ್ಲಿ ಭೌಗೋಳಿಕ ಗುರುತಿನ ಮನ್ನಣೆಯೂ ದೊರೆಯಿತು.

ವಾದ್ಯ ಮಾಡುವವರು ಸಮೀಪದಲ್ಲಿದ್ದಾರೆ. ಕಲಿಸುವವರ ಪರಂಪರೆಯೂ ಬತ್ತಿಲ್ಲ. ಕಡಿಮೆಯಾಗುತ್ತಿರುವುದು ವರ್ಷಗಟ್ಟಲೆ ಕುಳಿತು ಕಲಿಯುವ ತಾಳ್ಮೆ. ತಂತಿಯ ಎಳೆತಕ್ಕೆ ಬೆರಳು ಮೊದಲು ಕೊಯ್ಯುತ್ತದೆ, ಆಮೇಲೆ ಜಡ್ಡುಗಟ್ಟುತ್ತದೆ, ತದನಂತರವೇ ಸ್ವರ ಒಲಿಯುತ್ತದೆ. ಈ ಕ್ರಮವನ್ನು ತಪ್ಪಿಸಿ ನಡೆಯುವ ಮಾರ್ಗ ರಹಿಮತ್‌ಖಾನರಿಗೂ ಇರಲಿಲ್ಲ. ಯಾವ ವಿದ್ಯೆಯನ್ನು ಅರಸುವ ವಿದ್ಯಾರ್ಥಿಯೇ ಆಗಲಿ, ಇದನ್ನು ನೆನಪಿನಲ್ಲಿಟ್ಟು ನಡೆದರೆ ಗುರುಕೃಪೆಯು ಅವನಿಗೆ ದೂರವಾಗದು.