ಷೆರ್‌ಬೂರಿನ ಬಣ್ಣದ ಕೊಡೆಗಳು

ಕಲ್ಲು ಹಾಸಿದ ಬೀದಿಯ ಮೇಲೆ ಮಳೆ ಸುರಿಯುತ್ತಿದೆ. ಕ್ಯಾಮರಾ ಮೇಲಿನಿಂದ ನೋಡುತ್ತಿರುವುದರಿಂದ ಮನುಷ್ಯರ ಮುಖಗಳು ಕಾಣುವುದಿಲ್ಲ. ಬಣ್ಣಬಣ್ಣದ ಕೊಡೆಗಳು ಮಾತ್ರ ಹೂಗಳಂತೆ ತೇಲಿಹೋಗುತ್ತವೆ. 1964ರಲ್ಲಿ ತೆರೆಕಂಡು, ಅದೇ ವರ್ಷ ಕಾನ್ ಚಿತ್ರೋತ್ಸವದ ಪರಮೋಚ್ಚ ಪ್ರಶಸ್ತಿಯನ್ನು ಗಳಿಸಿದ ಫ್ರೆಂಚ್ ಚಿತ್ರ ‘ಷೆರ್‌ಬೂರಿನ ಕೊಡೆಗಳು’ ಆರಂಭವಾಗುವುದು ಹೀಗೆ.

ನಿರ್ದೇಶಕ ಜಾಕ್ ದೆಮಿಯವರ ಈ ಚಿತ್ರದಲ್ಲಿ ಹಾಡಿಲ್ಲದ ಮಾತು ಒಂದೂ ಇಲ್ಲ. ಗ್ಯಾರೇಜಿನಲ್ಲಿ ಗಿರಾಕಿ ಕಾರಿನ ವಿಚಾರ ಕೇಳಿದರೂ ಅದು ರಾಗವಾಗಿಯೇ ಹೊರಡುತ್ತದೆ. ಮಿಷೆಲ್ ಲೆಗ್ರಾನ್ ಅವರ ಸಂಗೀತವನ್ನು ಮೊದಲೇ ಮುದ್ರಿಸಿಕೊಂಡು, ನಟರು ಅದಕ್ಕೆ ತುಟಿಯಾಡಿಸಿದರು. ನಾಯಕಿ ಕ್ಯಾತರೀನ್ ದೆನೇವ್‌ಗೆ ಕಂಠವಿತ್ತವರು ದಾನಿಯೆಲ್ ಲಿಕಾರಿ.

ಕಥೆ ಮಾತ್ರ ತೀರ ಸಾಮಾನ್ಯವಾದುದು. ಕೊಡೆಯಂಗಡಿಯ ಒಡತಿಯ ಮಗಳು ಜೆನೆವಿಯೇವ್. ಆಕೆಯ ಪ್ರಿಯಕರ ಗೀ, ಮೋಟಾರು ರಿಪೇರಿಯ ಯುವಕ. 1957ರಲ್ಲಿ ಅವನಿಗೆ ಅಲ್ಜೀರಿಯಾದ ಯುದ್ಧಕ್ಕೆ ಕರೆ ಬರುತ್ತದೆ. ಕಾಗದಗಳು ವಿರಳವಾಗುತ್ತವೆ. ಅಂಗಡಿಗೆ ಸಾಲದ ಕಾಟ, ಹುಡುಗಿಯ ಒಡಲಿನಲ್ಲಿ ಶಿಶು. ಎಲ್ಲವನ್ನೂ ಅರಿತೇ ಕೈಹಿಡಿಯಲು ಬಂದ ರತ್ನವ್ಯಾಪಾರಿಯನ್ನು ಆಕೆ ವರಿಸುತ್ತಾಳೆ. ಇಲ್ಲಿ ದುಷ್ಟರಾರೂ ಇಲ್ಲ; ಕಾಲವೊಂದೇ ಕಠಿಣ.

ಇಂತಹ ಬಡಕಥೆಗೆ ಇಷ್ಟು ಬಣ್ಣವೇಕೆ? ಚಿತ್ರದ ಮರ್ಮವಿರುವುದೇ ಇಲ್ಲಿ. ಕಲಾ ನಿರ್ದೇಶಕ ಬೆರ್ನಾರ್ ಎವೆಂ ಅವರು ಗೋಡೆಗಳಿಗೆ ಗುಲಾಬಿ, ಹಸಿರು, ನೀಲಿ ಬಣ್ಣಗಳನ್ನು ಧಾರಾಳವಾಗಿ ತುಂಬಿದರು. ಒಂದೆಡೆಯಂತೂ ನಾಯಕಿಯ ಉಡುಪಿನ ಹೂಗಳು ಗೋಡೆಕಾಗದದ ಹೂಗಳಲ್ಲಿ ಬೆರೆತುಹೋಗುತ್ತವೆ. ಪ್ರೇಮಿಸುವವರ ಕಣ್ಣಿಗೆ ಸಾಮಾನ್ಯ ಊರೊಂದು ಹೇಗೆ ತೋರುವುದೋ, ಷೆರ್‌ಬೂರು ನಮಗೂ ಹಾಗೆಯೇ ತೋರುತ್ತದೆ.

ಕೊನೆಗೆ 1963ರ ಡಿಸೆಂಬರ್. ಗೀ ಈಗ ಪೆಟ್ರೋಲ್ ಬಂಕಿನ ಯಜಮಾನ, ಒಬ್ಬ ಮಗನ ತಂದೆ. ಹಿಮ ಬೀಳುತ್ತಿರುವ ಆ ರಾತ್ರಿ ಒಂದು ಕರಿಯ ಕಾರು ಬಂದು ನಿಲ್ಲುತ್ತದೆ. ಒಳಗೆ ಜೆನೆವಿಯೇವ್, ಪಕ್ಕದಲ್ಲಿ ಅವರಿಬ್ಬರ ಮಗಳು. ನಾಲ್ಕು ಮಾತು, ಅಷ್ಟೆ. ಮಗಳನ್ನು ನೋಡುವೆಯಾ ಎಂದರೆ ಅವನು ಒಲ್ಲೆನೆನ್ನುತ್ತಾನೆ. ಕಾರು ಹೊರಟುಹೋಗುತ್ತದೆ. ಮಳೆಯಲ್ಲಿ ಅರಳಿದ ಬಣ್ಣಗಳೆಲ್ಲವನ್ನೂ ಬಿಳಿಯ ಹಿಮ ಮುಚ್ಚಿಬಿಡುತ್ತದೆ.

ಚಿತ್ರಕ್ಕೂ ಇದೇ ಗತಿ ಒದಗುವುದರಲ್ಲಿತ್ತು. ಅಂದಿನ ಫಿಲ್ಮಿನ ವರ್ಣಗಳು ವರುಷ ಕಳೆದಂತೆ ಮಾಸಿಹೋದವು. ಆದರೆ ಮೂರು ಮೂಲವರ್ಣಗಳನ್ನು ಬೇರೆಬೇರೆಯಾಗಿ ಹಿಡಿದಿಟ್ಟ ಕಪ್ಪುಬಿಳುಪಿನ ಪ್ರತಿಗಳು ಉಳಿದಿದ್ದವು, ಕಪ್ಪುಬಿಳುಪು ಮಾಸುವಂತಹುದಲ್ಲ. 1990ರಲ್ಲಿ ದೆಮಿ ತೀರಿಕೊಂಡರು. ಅನಂತರ ಅವರ ಪತ್ನಿ, ಸ್ವತಃ ಹೆಸರಾಂತ ನಿರ್ದೇಶಕಿಯಾದ ಆನ್ಯೆಸ್ ವಾರ್ದಾ ಅವರ ಮುತುವರ್ಜಿಯಿಂದ, ಆ ಪ್ರತಿಗಳ ನೆರವಿನಲ್ಲಿ ಬಣ್ಣಗಳು ಮರಳಿ ಬಂದವು.

ಗೀ ಮತ್ತು ಜೆನೆವಿಯೇವ್ ಪಾಲಿಗೆ ಮರಳಿ ಬಾರದ ಆ ವಸಂತ, ನೋಡುವವರ ಪಾಲಿಗೆ ಇಂದಿಗೂ ಮಾಸದೆ ಉಳಿದಿದೆ.