ಹೆಸರು ನೋಡಿ ನಗಬೇಡಿ, ಅರ್ಥ ಕೇಳಿ!

ಹೊಸಮನೆ: ಬಸ್ಸಿನಲ್ಲಿ ಕೂತು "ಹೊಸಮನೆಗೆ ಹೋಗ್ಬೇಕು" ಅಂದರೆ "ಯಾವ ಹೊಸಮನೆ ಸ್ವಾಮಿ?" ಎಂದು ಪಕ್ಕದವರು ಕೇಳುವುದರಲ್ಲಿ ತಪ್ಪಿಲ್ಲ. ಶಿವಮೊಗ್ಗದಲ್ಲೂ ಒಂದು ಹೊಸಮನೆ, ಭದ್ರಾವತಿಯಲ್ಲೂ ಒಂದು ಹೊಸಮನೆ. ಎರಡೂ ಹಳತಾಗಿ ಎಷ್ಟೋ ಕಾಲವಾಯಿತು, ಹೆಸರು ಮಾತ್ರ ಇನ್ನೂ ಹೊಸತು. ಭದ್ರಾವತಿ ಕೂಡ ಒಂದು ಕಾಲಕ್ಕೆ ಬೆಂಕಿಪುರ. ಬಡಾವಣೆ, ಊರುಗಳ ಹೆಸರಿನ ಕಥೆಯೇ ಹೀಗಿದ್ದರೆ ಮನುಷ್ಯರ ಹೆಸರಿನ ಕಥೆ ಕೇಳಬೇಕೆ?

ಯಮನಿಗೆ ಹಾಕಿದ ಟೋಪಿ

"ಏ ತಿಪ್ಪಾ" ಎಂದು ಯಾರಾದರೂ ಕೂಗಿದರೆ ಕಾಲೇಜು ಹುಡುಗರು ಕಿಸಕ್ಕನೆ ನಗುತ್ತಾರೆ. ನಗುವುದಕ್ಕೆ ಮೊದಲು ಕೇಳಬೇಕು. ಆಸ್ಪತ್ರೆ, ಚುಚ್ಚುಮದ್ದು ಇಲ್ಲದ ಕಾಲ. ಹುಟ್ಟಿದ ಕೂಸುಗಳು ಒಂದರ ಹಿಂದೊಂದು ಮಣ್ಣು ಸೇರಿದ ಮನೆಯಲ್ಲಿ ಮತ್ತೊಂದು ಹುಟ್ಟಿತು ಅನ್ನಿ. ಅದನ್ನು ತಿಪ್ಪೆಯ ಮೇಲೆ ಮಲಗಿಸಿ, ಯಾರೋ ಬಿಸಾಕಿದ್ದು ಸಿಕ್ಕಿತು ಎಂಬಂತೆ ಎತ್ತಿಕೊಂಡು ಬರುತ್ತಿದ್ದರು. ಹೆಸರು ತಿಪ್ಪ, ತಿಪ್ಪಮ್ಮ. ಕಸವೆಂದು ತಿಳಿದು ಯಮ ಮುಟ್ಟದೆ ಹೋಗಲಿ ಎಂಬ ಆಸೆ. ಗುಂಡ, ಕಲ್ಲ ಎಂದು ಕರೆದದ್ದೂ ಅಷ್ಟೇ: ಕಲ್ಲುಗುಂಡಿನ ಹಾಗೆ ಗಟ್ಟಿಯಾಗಿ ಉಳಿ ಮಗನೇ ಎಂದು.

ಶಿಕಾರಿಪುರದ ಕಡೆಯ ಹುಚ್ಚರಾಯಪ್ಪನವರಿಗೂ ಹುಚ್ಚಿಗೂ ಸಂಬಂಧವಿಲ್ಲ. ಅಲ್ಲಿನ ಆಂಜನೇಯನೇ ಹುಚ್ಚರಾಯಸ್ವಾಮಿ. ಇದು ದೇವರ ಹೆಸರು. ಅದೇ ಹೆಸರು ಸಂಸ್ಕೃತದಲ್ಲಿ ಭ್ರಾಂತೇಶ ಆದರೆ ಯಾರೂ ನಗುವುದಿಲ್ಲ!

ಎಲ್ಲ ಹೆಸರೂ ಮುದ್ದಿನದೇ ಎಂದಲ್ಲ. ಸಾಲಾಗಿ ಹೆಣ್ಣು ಹುಟ್ಟಿದರೆ 'ಇನ್ನು ಸಾಕು' ಎಂದು ಸಾಕಮ್ಮ ಎಂದು ಹೆಸರಿಟ್ಟ ಮನೆಗಳುಂಟು. ಮಹಾರಾಷ್ಟ್ರದಲ್ಲಿ ಇದೇ ಮಾತು 'ನಕೋಶಿ', ಅಂದರೆ ಬೇಡವಾದವಳು. 2011ರಲ್ಲಿ ಸತಾರಾ ಜಿಲ್ಲೆಯಲ್ಲಿ ಇಂಥ ಹೆಸರಿನ 280ಕ್ಕೂ ಹೆಚ್ಚು ಹುಡುಗಿಯರಿಗೆ ಸಮಾರಂಭ ಮಾಡಿ ಹೊಸ ಹೆಸರು ಕೊಟ್ಟರು. ಬೇಡದವಳು ಎಂದು ದಿನಕ್ಕೆ ಹತ್ತು ಸಲ ಕೂಗಿಸಿಕೊಂಡ ಮಕ್ಕಳಿಗೆ ಅದು ಸಣ್ಣ ವಿಷಯವೇ?

ಸುಕ್ರಿಯೂ ಕೋಫಿಯೂ

ಅಂಕೋಲೆಯ ಹಾಲಕ್ಕಿ ಹಾಡುಗಾರ್ತಿ ಸುಕ್ರಿ ಬೊಮ್ಮಗೌಡರಿಗೆ 2017ರಲ್ಲಿ ಪದ್ಮಶ್ರೀ ಬಂತು. ಸುಕ್ರಿ ಎಂಬುದು ಶುಕ್ರವಾರದ ಹೆಸರು. ವಿಶ್ವಸಂಸ್ಥೆಯ ಪ್ರಧಾನ ಕಾರ್ಯದರ್ಶಿಯಾಗಿದ್ದ ಘಾನಾ ದೇಶದ ಕೋಫಿ ಅನ್ನಾನ್ ಗೊತ್ತಲ್ಲ? ಕೋಫಿ ಅಂದರೂ ಅಲ್ಲಿ ಶುಕ್ರವಾರ ಹುಟ್ಟಿದವನು. ಮುಂಡಗೋಡಿನಲ್ಲಿ ನೆಲೆ ನಿಂತಿರುವ ಟಿಬೆಟನ್ನರಲ್ಲಿ ಪಾಸಾಂಗ್ ಅಂದರೂ ಶುಕ್ರವಾರವೇ. ಮೂರು ನಾಡು, ಮೂರು ಭಾಷೆ, ವಾರ ಒಂದೇ.

1923ರಲ್ಲಿ ಭದ್ರಾವತಿಯ ಕಬ್ಬಿಣದ ಕಾರ್ಖಾನೆ ಉತ್ಪಾದನೆ ಶುರು ಮಾಡಿದ ಮೇಲೆ ನಾನಾ ಭಾಷೆಯವರು ಊರಿಗೆ ಬಂದರು, ಜತೆಗೆ ನಾನಾ ಪದ್ಧತಿಯ ಹೆಸರುಗಳೂ ಬಂದವು. ತಮಿಳರು ಹೆಸರಿನ ಮುಂದೆ ಅಪ್ಪನ ಮೊದಲಕ್ಷರ ಇಟ್ಟುಕೊಂಡರೆ ತೆಲುಗರು ಮನೆತನದ ಹೆಸರನ್ನೇ ಮುಂದಿಡುತ್ತಾರೆ. ಮುಸಲ್ಮಾನರಲ್ಲಿ ಅಬ್ದುಲ್ ಕರೀಮ್ ಅಂದರೆ ಉದಾರಿಯಾದ ದೇವರ ಸೇವಕ. ಬರೀ 'ಅಬ್ದುಲ್' ಎಂದು ಕರೆದರೆ 'ಇಂಥವನ ಸೇವಕ' ಎಂದಷ್ಟೇ ಆಯಿತು, ಯಾರ ಸೇವಕ ಎಂಬುದು ಬಿಟ್ಟುಹೋಯಿತು!

ನಮ್ಮ ಜಿಲ್ಲೆಯ ಕುವೆಂಪು ಅವರದನ್ನೇ ನೋಡಿ. ಕುಪ್ಪಳಿ ಊರು, ವೆಂಕಟಪ್ಪ ತಂದೆ, ಪುಟ್ಟಪ್ಪ ತಮ್ಮದು. ಮೂರರ ಮೊದಲಕ್ಷರ ಸೇರಿ ನಾಡಿಗೇ ಒಂದು ಹೆಸರಾಯಿತು.

ಹೈಕೋರ್ಟು ಎಂಬ ಮನುಷ್ಯ

ಎಲ್ಲರನ್ನೂ ಮೀರಿಸಿದವರು ಹಕ್ಕಿಪಿಕ್ಕಿಗಳು. ಹೈಕೋರ್ಟ್, ಕಾಂಗ್ರೆಸ್, ಗ್ಲೂಕೋಸ್, ಮೈಸೂರುಪಾಕ್, ಒನ್ ಬೈ ಟೂ! ಇವೆಲ್ಲ ಅವರ ಸಮುದಾಯದಲ್ಲಿ ಮನುಷ್ಯರಿಗೇ ಇಟ್ಟ ಹೆಸರು. ಘಾನಾದ ಕೋಫಿ ಶುಕ್ರವಾರವಾದರೆ, ಇವರ ಕಾಫಿ ನಿಜವಾದ ಕಾಫಿಯೇ. ಬಿಡದಿ ಹತ್ತಿರದ ಭದ್ರಾಪುರದ ಹೆಸರುಗಳು ಪತ್ರಿಕೆಗಳಲ್ಲಿ ಎಷ್ಟೋ ಸಲ ಬಂದಿವೆ. ಶಿವಮೊಗ್ಗ ತಾಲ್ಲೂಕಿನ ಸದಾಶಿವಪುರದಲ್ಲೂ ಹಕ್ಕಿಪಿಕ್ಕಿಗಳ ಕ್ಯಾಂಪ್ ಇದೆ.

ತಲೆಮಾರುಗಳಿಂದ ಕಾಡು ಸುತ್ತಿ ಹಕ್ಕಿ ಹಿಡಿದು ಬದುಕಿದ ಜನ. 1972ರ ವನ್ಯಜೀವಿ ಕಾಯ್ದೆ ಬಂದು ಬೇಟೆ ನಿಂತಿತು. ಊರಿಗೆ ಬಂದವರ ಕಣ್ಣಿಗೆ, ಕಿವಿಗೆ ಹೊಸದಾಗಿ ಬಿದ್ದದ್ದೆಲ್ಲ ಮಗುವಿನ ಹೆಸರಾಯಿತು. ಅವರಿಗೆ ಹೆಸರೇ ಡೈರಿ. ಆ ಹೆಸರು ಶಾಲೆಯ ಹಾಜರಿಯಲ್ಲಿ ನಗೆಪಾಟಲಾದಾಗ ಮುಂದಿನ ತಲೆಮಾರು ಸಿನಿಮಾ ಹೆಸರಿಗೆ ತಿರುಗಿತು. ಈಗ ಗಿಡಮೂಲಿಕೆ, ತಲೆಗೂದಲಿನ ಎಣ್ಣೆ ಮಾರುತ್ತ ಆಫ್ರಿಕಾದವರೆಗೆ ಹೋಗುತ್ತಾರೆ. 2023ರ ಏಪ್ರಿಲ್‌ನಲ್ಲಿ ಸುಡಾನಿನ ಕಾಳಗದಲ್ಲಿ ಸಿಕ್ಕಿಬಿದ್ದವರಲ್ಲಿ ನಮ್ಮ ಶಿವಮೊಗ್ಗದ ಹಕ್ಕಿಪಿಕ್ಕಿಗಳೂ ಇದ್ದರು. ಅಂಥ ಹೊತ್ತಿನಲ್ಲಿ ನಾನು ಇಂಥವನು ಎಂದು ಹೇಳಲು ಕೈಯಲ್ಲಿರುವುದು ಪಾಸ್‌ಪೋರ್ಟಿನಲ್ಲಿ ಬರೆದ ಹೆಸರೊಂದೇ.

ಒಂದಕ್ಷರದ ಪಜೀತಿ

ಅರ್ಥ ಎಷ್ಟೇ ದೊಡ್ಡದಿರಲಿ, ಕಚೇರಿಯ ಕಿಟಕಿಯಲ್ಲಿ ನೋಡುವುದು ಅಕ್ಷರವನ್ನು. ಶಾಲೆಯಲ್ಲಿ ತಿಪ್ಪೇಶ, ರೇಷನ್ ಕಾರ್ಡಿನಲ್ಲಿ ತಿಪ್ಪೇಶಪ್ಪ, ಆಧಾರ್‌ನಲ್ಲಿ ಟಿಪ್ಪೇಶ ಆದರೆ ಮುಗಿಯಿತು, ಒಬ್ಬನೇ ಮನುಷ್ಯ ಮೂವರಾದ! ಪಿಂಚಣಿಗೆ, ಜಮೀನಿನ ಖಾತೆಗೆ, ಬ್ಯಾಂಕಿಗೆ ಅಲೆಯುವುದು ತಪ್ಪದು. ಅಂಗಡಿ ಬಾಗಿಲು ಹಾಕಿಕೊಂಡು ಅಲೆದವರಿಗೇ ಗೊತ್ತು ಅದರ ಬೆಲೆ. ಊರಿಗೂ ಇದು ತಪ್ಪಲಿಲ್ಲ. ಕನ್ನಡದಲ್ಲಿ ಎಂದಿನಿಂದಲೂ ಶಿವಮೊಗ್ಗವೇ. ಇಂಗ್ಲಿಷಿನ 'ಶಿಮೊಗಾ' ಸರಿಹೋದದ್ದು 2014ರ ನವೆಂಬರ್ 1ರಂದು.

ಹಾಗಾಗಿ ತೊಟ್ಟಿಲು ತೂಗುವ ಮನೆಯವರು ಒಂದೆರಡು ಮಾತು ನೆನಪಿಡಬೇಕು. ಮಗು ಹುಟ್ಟಿದ 21 ದಿನದೊಳಗೆ ಜನನ ನೋಂದಣಿ ಆಗಬೇಕು. ಆಗ ಹೆಸರು ಇಟ್ಟಿರದಿದ್ದರೆ ಗಾಬರಿ ಬೇಡ. ನೋಂದಣಿಯಾದ 12 ತಿಂಗಳೊಳಗೆ ಶುಲ್ಕವಿಲ್ಲದೆ ಹೆಸರು ಸೇರಿಸಬಹುದು. ಆಮೇಲೆ ತಡವಾದ ಶುಲ್ಕ ಕಟ್ಟಿ, 15 ವರ್ಷದವರೆಗೆ. 2023ರ ಅಕ್ಟೋಬರ್ 1ರಿಂದೀಚೆಗೆ ಹುಟ್ಟಿದ ಮಕ್ಕಳಿಗೆ ಶಾಲೆ, ಡ್ರೈವಿಂಗ್ ಲೈಸೆನ್ಸ್, ಮತದಾರರ ಪಟ್ಟಿ, ಮದುವೆ ನೋಂದಣಿ, ಎಲ್ಲಕ್ಕೂ ಹುಟ್ಟಿದ ದಿನ ಮತ್ತು ಸ್ಥಳದ ಪುರಾವೆ ಜನನ ಪ್ರಮಾಣಪತ್ರವೇ. ಅದರಲ್ಲಿ ಮಗುವಿನ ಹೆಸರು, ಅಪ್ಪ ಅಮ್ಮನ ಹೆಸರು ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಹೇಗೆ ಬರೆದಿದ್ದಾರೆ ಎಂದು ಕಿಟಕಿ ಬಿಡುವ ಮುಂಚೆಯೇ ಓದಿ ನೋಡಬೇಕು. ಓದಲು ಬಾರದವರು ಜತೆಗೊಬ್ಬರನ್ನು ಕರೆದೊಯ್ಯಲಿ.

ತಿಪ್ಪನೋ, ಅಬ್ದುಲ್ ಕರೀಮನೋ, ಹೈಕೋರ್ಟೋ, ಹೆಸರು ಇಡುವುದು ಮನೆಯವರ ಇಷ್ಟ. ಬರೆಯುವ ಗುಮಾಸ್ತರು ನಗದೆ, ಒಂದಕ್ಷರ ತಪ್ಪದೆ ಬರೆದುಕೊಟ್ಟರೆ ಅದೇ ದೊಡ್ಡ ನಾಮಕರಣ.