ರಾಕ್ಷಸನ ನಾಚಿಕೆ

ರಾಕ್ಷಸನನ್ನು ಕೊಲ್ಲುವ ಆಟಗಳು ಹಲವು. ಆಡುವವನೇ ರಾಕ್ಷಸನಾಗುವ ಆಟ ವಿರಳ. 1986ರಲ್ಲಿ ಬ್ಯಾಲಿ ಮಿಡ್‌ವೇ ಸಂಸ್ಥೆ ಹೊರತಂದ ‘ರ‍್ಯಾಂಪೇಜ್’ ಅಂಥದು. ವಿದ್ಯಾರ್ಥಿಯೊಬ್ಬನ ಒತ್ತಾಯಕ್ಕೆ ನಾನೂ ಅದನ್ನು ಆಡಿದೆ. ಗೊರಿಲ್ಲ ಜಾರ್ಜ್, ದೈತ್ಯ ಹಲ್ಲಿ ಲಿಜ್ಜಿ, ತೋಳ ರಾಲ್ಫ್ ಈ ಮೂವರೂ ಮೂಲತಃ ಮನುಷ್ಯರು. ಮಹಡಿಗಳನ್ನೇರಿ ಗುದ್ದಿ ಕೆಡವುತ್ತಾರೆ. ಕಿಟಕಿಯಲ್ಲಿ ಕಂಡ ಜನರನ್ನು ಹಿಡಿದು ನುಂಗುತ್ತಾರೆ. ಬಲಗುಂದಿದೊಡನೆ ಮತ್ತೆ ಮನುಷ್ಯರಾಗಿ, ಬತ್ತಲೆ ಮೈಯನ್ನು ಕೈಗಳಿಂದ ಮರೆಮಾಡಿಕೊಂಡು, ಪರದೆಯಾಚೆಗೆ ಮೆಲ್ಲನೆ ಸರಿದುಹೋಗುತ್ತಾರೆ. ಮೊದಲು ನಕ್ಕೆ, ಮರುಕ್ಷಣ ನನಗೇ ನಾಚಿಕೆಯಾಯಿತು.

2018ರಲ್ಲಿ ಬ್ರಾಡ್ ಪೇಟನ್ ನಿರ್ದೇಶಿಸಿದ ಚಲನಚಿತ್ರದಲ್ಲಿ ಆ ನಾಚಿಕೆಗೆ ಎಡೆಯಿಲ್ಲ. ಅಲ್ಲಿ ಮೂರೂ ಹುಟ್ಟು ಪ್ರಾಣಿಗಳು. ಲಾಭಕೋರ ಸಂಸ್ಥೆಯೊಂದರ ವಂಶವಾಹಿ ಪ್ರಯೋಗದಿಂದ ಬೆಳೆದು, ಶಿಕಾಗೋ ನಗರವನ್ನು ಧ್ವಂಸಮಾಡುತ್ತವೆ. ಬಿಳಿ ಗೊರಿಲ್ಲ ಜಾರ್ಜನಿಗೂ ಡ್ವೇನ್ ಜಾನ್ಸನ್ ಅಭಿನಯಿಸಿದ ನಾಯಕನಿಗೂ ಇರುವ ಸ್ನೇಹ ಮನಮುಟ್ಟುವುದೆಂಬುದನ್ನು ಅಲ್ಲಗಳೆಯಲಾರೆ. ನನ್ನ ವಿದ್ಯಾರ್ಥಿಯೂ ಚಿತ್ರವೇ ಮೇಲೆಂದ. ಆದರೆ ಅದರಲ್ಲಿ ಅಪರಾಧವೆಲ್ಲ ಪರರದು. ಪ್ರೇಕ್ಷಕ ನಿರ್ದೋಷಿಯಾಗಿ ಮನೆಗೆ ಮರಳುತ್ತಾನೆ. ಆಟದಲ್ಲಾದರೋ ಗುದ್ದಿದ ಕೈ ನನ್ನದೇ; ಕೊನೆಯಲ್ಲಿ ಮೈ ಮುಚ್ಚಿಕೊಂಡು ಸರಿದವನೂ ನಾನೇ. ಕೆಡವುವ ಸುಖ ಎಷ್ಟು ಸಮೀಪದ್ದೆಂದು ತೋರಿಸಿದ್ದು ಆ ಅಲ್ಪ ಆಟವೇ ಹೊರತು ಭಾರಿ ಚಿತ್ರವಲ್ಲ.